ಕರಿ ಹಿಡಿದ ಪ್ಲಗ್ಗು

ಮಾರುತಿ 800 ಕಾರಿಗೆ ಇರುವುದು ಮೂರೇ ಸಿಲಿಂಡರ್. ಒಂದು ಸರಿಯಾಗಿ ಉರಿಯದಿದ್ದರೆ ಮೂರರಲ್ಲೊಂದು ಪಾಲು ಬಲ ಹೋದಂತೆಯೇ. ನಿಂತಲ್ಲಿ ಎಂಜಿನ್ ಗಡಗಡ ನಡುಗುತ್ತದೆ, ಏರು ಬಂದರೆ ಮುಗ್ಗರಿಸುತ್ತದೆ. ನಮ್ಮ ಕಾಸರಗೋಡಿನ ಬದಿಯಡ್ಕದಿಂದ ಪೆರ್ಲದ ಕಡೆ ಹೋಗುವ ರಸ್ತೆಯಲ್ಲಿ ಏರಿಗೇನೂ ಬರವಿಲ್ಲ. ಅಪ್ಪನ ಕಾಲದ ಈ ಕಾರನ್ನು ಶಾಲೆಗೆ ಓಡಿಸುವವಳು ನಾನು, ಅದರ ಒಂದೊಂದು ಸದ್ದೂ ನನಗೆ ಗೊತ್ತು. ಹಾಗಾಗಿ ಸೋಮವಾರ ಪೇಟೆಯ ವರ್ಕ್‌ಶಾಪಿಗೆ ಫೋನ್ ಮಾಡಿ, ಸಿಲಿಂಡರಿನೊಳಗೆ ಕಿಡಿ ಹಾರಿಸುವ ಪ್ಲಗ್ಗನ್ನು ಮೊದಲು ನೋಡಬಹುದಲ್ಲವೇ ಎಂದು ಕೇಳಿದೆ.

“ಮನೆಯಲ್ಲಿ ಗಂಡಸರು ಯಾರಾದರೂ ಇದ್ದರೆ ಫೋನ್ ಕೊಡಿ ಟೀಚರ್. ಅವರಿಗಾದರೆ ವಿವರಿಸಬಹುದು.”

ಹುಡುಗನ ದನಿಯಲ್ಲಿ ಒರಟುತನ ಎಳ್ಳಷ್ಟೂ ಇರಲಿಲ್ಲ. ಮರ್ಯಾದೆಯಿಂದಲೇ ಹೇಳಿದ. ಚುಚ್ಚಿದ್ದೂ ಅದೇ. ಬೈದಿದ್ದರೆ ಬೈದು ಮುಗಿಸಬಹುದಿತ್ತು.

ಬಿಡಿಭಾಗದ ಅಂಗಡಿಯಿಂದ ಹೊಸ ಪ್ಲಗ್‌ಗಳನ್ನೂ ಪ್ಲಗ್ ಸ್ಪ್ಯಾನರನ್ನೂ ತಂದೆ. ಮರುದಿನ ಬೆಳಿಗ್ಗೆ, ಎಂಜಿನ್ ಪೂರ್ತಿ ತಣ್ಣಗಿರುವಾಗ ಬಾನೆಟ್ ಎತ್ತಿದೆ. ಸಿಲಿಂಡರಿನ ತಲೆಭಾಗ ಅಲ್ಯುಮಿನಿಯಂನದು. ಬಿಸಿಯಲ್ಲಿ ಪ್ಲಗ್ ತಿರುಗಿಸಿದರೆ ಅದು ಕೂರುವ ತಿರುಪಿನ ಗೆರೆಗಳೇ ಕಿತ್ತುಹೋಗುವ ಭಯ. ಪ್ಲಗ್‌ಗಳಿಗೆ ವಿದ್ಯುತ್ತು ತರುವ ವಯರುಗಳು ಅದಲುಬದಲಾಗದಂತೆ ಒಂದು ಪ್ಲಗ್ ಮುಗಿಸಿಯೇ ಇನ್ನೊಂದಕ್ಕೆ ಕೈ ಹಾಕಿದೆ. ಹೊಸದನ್ನು ಮೊದಲು ಬೆರಳಲ್ಲೇ ತಿರುಗಿಸಿ ಕೂರಿಸಬೇಕು, ತಳ ಮುಟ್ಟಿದ ಮೇಲೆ ಸ್ಪ್ಯಾನರಿನಲ್ಲಿ ಅರ್ಧ ಸುತ್ತು. ಇದರಲ್ಲಿ ಗಂಡಸರಿಗೇ ಮೀಸಲಾದ ಭಾಗ ಯಾವುದು ಎಂದು ಆ ಹುಡುಗನನ್ನು ಕೇಳಬೇಕೆನಿಸಿತು.

ಬಿಚ್ಚಿದ ಪ್ಲಗ್‌ಗಳನ್ನು ಜಗಲಿಯ ಮೇಲೆ ಸಾಲಾಗಿ ಇಟ್ಟಿದ್ದೆ. ಎರಡರ ತುದಿ ತಿಳಿಕಂದು. ನಡುವಿನದು ಮಾತ್ರ ಒಣ ಮಸಿಯಿಂದ ಕಪ್ಪಾಗಿತ್ತು. ಅಡಿಕೆ ಸುಲಿಯುತ್ತಾ ಕುಳಿತಿದ್ದ ಅಮ್ಮ ಅದನ್ನೇ ಎತ್ತಿಕೊಂಡಳು. ಬೆಳಕಿಗೆ ಹಿಡಿದು, ಉಗುರಿನಿಂದ ಮಸಿಯನ್ನು ಕೆರೆದು, ಕಿಡಿ ಹಾರುವ ಕೊಕ್ಕಿನ ಸಂದಿನೊಳಗೆ ಒಂದು ಕಣ್ಣು ಮುಚ್ಚಿ ನೋಡಿದಳು.

“ಕರಿ ಹಿಡಿದದ್ದು ಪ್ಲಗ್ಗಿನ ದೋಷ ಅಲ್ಲ. ಇದಕ್ಕೆ ಕಿಡಿ ಸರಿಯಾಗಿ ಬರುತ್ತಿಲ್ಲ. ವಯರು ನೋಡು.”

ನೋಡಿದೆ. ಅದೇ ಪ್ಲಗ್ಗಿನ ವಯರಿನ ರಬ್ಬರ್ ಟೊಪ್ಪಿ ಉದ್ದಕ್ಕೆ ಸೀಳಿತ್ತು. ಸಾವಿರಾರು ವೋಲ್ಟಿನ ವಿದ್ಯುತ್ತು ಪ್ಲಗ್ಗಿನ ತುದಿಗೆ ಹೋಗುವ ಬದಲು ಆ ಸೀಳಿನಿಂದ ಎಂಜಿನ್ನಿನ ಮೈಗೇ ಹಾರುತ್ತದೆ. ಪೆಟ್ರೋಲು ಪೂರ್ತಿ ಉರಿಯುವುದಿಲ್ಲ, ಮಸಿ ಕೂರುತ್ತದೆ. ಹೊಸ ಪ್ಲಗ್ ಹಾಕಿದ್ದಕ್ಕೆ ನಡುಕವೇನೋ ನಿಂತಿತು. ಆದರೆ ವಯರು ಬದಲಿಸದಿದ್ದರೆ ಅದಕ್ಕೂ ಇದೇ ಗತಿ.

ಇದೆಲ್ಲ ಅಮ್ಮನಿಗೆ ಹೇಗೆ ಗೊತ್ತು? ತೋಟದ ಹಳೆಯ ಸೀಮೆಎಣ್ಣೆ ಪಂಪಿನಿಂದ. ಪೆಟ್ರೋಲಿನಲ್ಲಿ ಚಾಲೂ ಮಾಡಿ, ಎಂಜಿನ್ ಕಾದ ಮೇಲೆ ಸೀಮೆಎಣ್ಣೆಗೆ ತಿರುಗಿಸಬೇಕು. ಅವಸರ ಮಾಡಿದರೆ ಹೊಗೆ, ಪ್ಲಗ್ಗಿಗೆ ಮಸಿ. ಆಗ ಬಿಚ್ಚಿ, ಮರಳು ಕಾಗದದಲ್ಲಿ ಉಜ್ಜಿ, ಪೆಟ್ರೋಲಿನಲ್ಲಿ ತೊಳೆದು, ವಯರು ಸಿಕ್ಕಿಸಿದ ಪ್ಲಗ್ಗನ್ನು ಎಂಜಿನ್ನಿನ ಮೈಗೆ ತಾಗಿಸಿಟ್ಟು ಹಗ್ಗ ಎಳೆದು ನೋಡುವುದು. ನೀಲಿ ಕಿಡಿ ಹಾರಿದರೆ ಸರಿ.

“ನೀನು ಮಾಡುತ್ತಿದ್ದೆಯಾ?”

“ಮತ್ತೆ? ನಿನ್ನ ಅಪ್ಪ ರಾತ್ರಿಯಿಡೀ ಆಟ ನೋಡಿ ಬಂದು ಮಲಗಿದರೆ ಅಡಿಕೆಗೆ ನೀರು ಬಿಡುವವರು ಯಾರು?”

ಹೌದು. ತೋಟಕ್ಕೆ ನೀರು ಬೇಕಾಗುವ ತಿಂಗಳುಗಳಲ್ಲೇ ಯಕ್ಷಗಾನ ಮೇಳಗಳ ತಿರುಗಾಟವೂ. ಅಪ್ಪನ ಯಕ್ಷಗಾನದ ಹುಚ್ಚನ್ನು ನಮ್ಮ ನೆಂಟರಿಷ್ಟರೆಲ್ಲ ಇಂದಿಗೂ ಹೊಗಳುತ್ತಾರೆ. ಆ ಬೆಳಗುಗಳಲ್ಲಿ ಪಂಪ್ ಶೆಡ್ಡಿನಲ್ಲಿ ಯಾರಿದ್ದರು ಎಂದು ಒಬ್ಬರೂ ಕೇಳಿದ್ದಿಲ್ಲ. ಅಪ್ಪನನ್ನು ನಾನು ಪ್ರೀತಿಸುತ್ತೇನೆ, ಅವನು ಕೆಟ್ಟವನಲ್ಲ. ಆದರೂ ಅಡಿಕೆ ಮಾರಿದ ಚೀಟಿ, ಕೃಷಿಭವನದ ಕಾಗದ, ಕರೆಂಟ್ ಪಂಪಿನ ಬಿಲ್ಲು, ಎಲ್ಲವೂ ಅವನ ಹೆಸರಿನಲ್ಲೇ. ಕರೆಂಟ್ ಬಂದ ಮೇಲೆ ಸೀಮೆಎಣ್ಣೆ ಪಂಪನ್ನು ಮಾರಿದಾಗಲೂ ಅಮ್ಮನನ್ನು ಕೇಳಿದವರಿಲ್ಲ. ಎಂಜಿನ್ನಿನ ಜ್ವರ ಗುರುತಿಸುತ್ತಿದ್ದ ಆ ಕೈಗಳಿಗೆ ಆಮೇಲೆ ಉಳಿದದ್ದು ಒಂದು ಸ್ವಿಚ್.

ವರ್ಕ್‌ಶಾಪಿನ ಹುಡುಗನ ಮೇಲೆ ಸಿಟ್ಟಿದೆ, ಇಲ್ಲವೆನ್ನುವುದಿಲ್ಲ. “ಅವರಿಗಾದರೆ ವಿವರಿಸಬಹುದು.” ಆದರೆ ಅವನ ಅಮ್ಮನೂ ಯಾವುದೋ ಯಂತ್ರವನ್ನು ಸಂಭಾಳಿಸಿದವಳೇ ಇರಬಹುದು, ಅವನಿಗೆ ಯಾರೂ ಹೇಳಿರಲಿಕ್ಕಿಲ್ಲ. ನನ್ನ ಅಮ್ಮನ ಪಕ್ಕದಲ್ಲೇ ಬೆಳೆದ ನನಗೇ ಗೊತ್ತಾದದ್ದು ಈ ವಾರ.

ವಯರಿನ ಸೆಟ್ ಹೇಳಿಟ್ಟಿದ್ದೇನೆ. ಶಾಲೆ ತೆರೆಯುವಾಗ ಮಳೆಯೂ ಹಿಡಿಯುತ್ತದೆ, ತೇವಕ್ಕೆ ಆ ಸೀಳು ಇನ್ನಷ್ಟು ಕಾಡುತ್ತದೆ. ಕಪ್ಪು ಪ್ಲಗ್ಗನ್ನು ಒರೆಸದೆ ಹಾಗೆಯೇ ತೆಗೆದಿಟ್ಟಿದ್ದೇನೆ, ಮಕ್ಕಳಿಗೆ ತೋರಿಸಲು. ಅಮ್ಮನನ್ನೂ ಒಂದು ದಿನ ತರಗತಿಗೆ ಕರೆದೊಯ್ಯಬೇಕೆಂದಿದ್ದೇನೆ.

“ನಾನು ಬಂದು ಮಕ್ಕಳಿಗೆ ಏನು ಹೇಳಲಿ?” ಎಂದಳು.

ಪೆಟ್ರೋಲಿನಿಂದ ಸೀಮೆಎಣ್ಣೆಗೆ ಯಾವಾಗ ತಿರುಗಿಸಬೇಕೆಂದು ನನಗೆ ಹೇಳಿದೆಯಲ್ಲ, ಅಲ್ಲಿಂದಲೇ ಶುರು ಮಾಡು ಎಂದೆ.