ಸಿಡ್ನಿಯ ಕಡಲಂಚಿನಲ್ಲಿ ಕರಿಬೇವಿನ ನೆಂಟರು

ಸಿಡ್ನಿಗೆ ಬಂದ ನಮ್ಮ ಕಡೆಯವರಿಗೆ ಒಪೆರಾ ಹೌಸ್, ಹಾರ್ಬರ್ ಬ್ರಿಜ್ ತೋರಿಸುವುದು ಇದ್ದದ್ದೇ. ಅಮ್ಮ ಬಂದಾಗ ಅವೆರಡೂ ಬೇಗ ಮುಗಿದವು. ನನಗೆ ಮಾತ್ರ ಅವಳಿಗೆ ಒಂದು ಗಿಡ ತೋರಿಸಲೇಬೇಕಿತ್ತು. ಬೊರೋನಿಯಾ ಸೆರ್ರುಲಾಟಾ ಎಂಬ ಸಣ್ಣ ಪೊದೆ ಅದು. ಇಲ್ಲಿಯವರು ನೇಟಿವ್ ರೋಸ್ ಅಂತಾರೆ, ಆದರೆ ಗುಲಾಬಿಗೂ ಅದಕ್ಕೂ ನಂಟಿಲ್ಲ. ಉತ್ತರಕ್ಕೆ ಗಾಸ್‌ಫರ್ಡ್, ದಕ್ಷಿಣಕ್ಕೆ ರಾಯಲ್ ನ್ಯಾಷನಲ್ ಪಾರ್ಕ್. ಈ ನಡುವಿನ ಮರಳುಗಲ್ಲಿನ ನೆಲ ಬಿಟ್ಟರೆ ಬೇರೆಲ್ಲೂ ಅದು ತಾನಾಗಿ ಬೆಳೆಯುವುದಿಲ್ಲ.

ಸೆಪ್ಟೆಂಬರ್ ತಿಂಗಳು. ಕ್ರೊನಲ್ಲಾದಿಂದ ಫೆರ್ರಿ ಹತ್ತಿ ಬಂಡೀನಾಗೆ ಹೋದೆವು. ಅಲ್ಲಿಂದ ಆಟ್‌ಫರ್ಡ್‌ವರೆಗೆ ಕಡಲ ದಂಡೆಗುಂಟ 26 ಕಿಲೋಮೀಟರ್ ಕಾಲುದಾರಿ ಇದೆ. ಅಮ್ಮನಿಗೆ ಮೊಣಕಾಲು ನೋವು. ಹಾಗಾಗಿ ಆಗುವಷ್ಟು ದೂರ ನಡೆಯೋಣ ಅಂತ ಹೊರಟೆವು. ಆ ದಾರಿ ಇರುವುದು ರಾಯಲ್ ನ್ಯಾಷನಲ್ ಪಾರ್ಕ್‌ನೊಳಗೆ, 1879ರಲ್ಲೇ ಕಾಯ್ದಿಟ್ಟ ಕಾಡಿದು. ಅಮೆರಿಕದ ಯೆಲ್ಲೋಸ್ಟೋನ್ ಪಾರ್ಕ್ ಇದಕ್ಕಿಂತ ಏಳೇ ವರ್ಷ ಹಳೆಯದು.

ಅಮ್ಮನಿಗೆ ಕಾಡು ಅಂದರೆ ತೀರ್ಥಹಳ್ಳಿಯ ಕಾಡು. ಇಲ್ಲಿನ ಕಾಡು ಸೊಂಟದ ಮೇಲೆ ಏಳುವುದೇ ಕಡಿಮೆ. ಉಪ್ಪುಗಾಳಿ ಬಡಿದು ಬಡಿದು ಎಲ್ಲವೂ ಒತ್ತೊತ್ತಾಗಿ ತಗ್ಗಿ ಕೂತಿವೆ. "ಇವಕ್ಕೆ ಗೊಬ್ಬರ ಅಂತ ಏನೂ ಸಿಗೋದೇ ಇಲ್ವಾ?" ಅಂದಳು. ಸಿಗುವುದಿಲ್ಲ, ಬೇಕಾಗಿಯೂ ಇಲ್ಲ. ಮರಳುಗಲ್ಲು ಸವೆದು ಆದ ಈ ಮಣ್ಣಿನಲ್ಲಿ ಫಾಸ್ಫರಸ್ ತೀರಾ ಕಡಿಮೆ. ಪಕ್ಕದಲ್ಲೇ ಇದ್ದ ಬ್ಯಾಂಕ್ಸಿಯಾದಂಥ ಗಿಡಗಳಿಗೆ ಅದು ಜಾಸ್ತಿಯಾದರೆ ವಿಷ. ಜೀವಮಾನವಿಡೀ ಬುಟ್ಟಿ ಬುಟ್ಟಿ ಸಗಣಿ ಗೊಬ್ಬರ ಹೊತ್ತವಳಿಗೆ ಇದನ್ನು ನಂಬುವುದು ಕಷ್ಟವಾಯಿತು.

ದಾರಿಯಲ್ಲಿದ್ದವರೆಲ್ಲ ಸಮುದ್ರದ ಕಡೆ ಮುಖ ಮಾಡಿ ನಿಂತಿದ್ದರು. ಈ ತಿಂಗಳಲ್ಲಿ ಹಂಪ್‌ಬ್ಯಾಕ್ ತಿಮಿಂಗಿಲಗಳು ಮರಿಗಳ ಜೊತೆ ದಕ್ಷಿಣಕ್ಕೆ ಹೋಗುತ್ತವೆ. ನಾವಿಬ್ಬರೂ ಬೆನ್ನು ಬಗ್ಗಿಸಿ ನೆಲ ನೋಡುತ್ತಾ ಹೋದೆವು.

ಗಿಡ ಕಂಡಿದ್ದು ಅಮ್ಮನಿಗೆ. "ಅಲ್ಲಿ ನೋಡೇ, ಆ ಬಂಡೆ ಪಕ್ಕ." ನೀರು ಜಿನುಗುವ ಇಳಿಜಾರಿನಲ್ಲಿ ಮೊಣಕಾಲೆತ್ತರದ ಪೊದೆ. ಎಲೆಗಳು ಕಾಜು ಬರ್ಫಿಯ ತುಂಡಿನ ಆಕಾರದವು, ಗಟ್ಟಿ, ಚಪ್ಪಟೆ, ಕಡ್ಡಿಗುಂಟ ಒಂದರ ಮೇಲೊಂದು ಒತ್ತಿಕೊಂಡಿವೆ. ಅಂಚಿನಲ್ಲಿ ಬೆರಳಿಗಷ್ಟೇ ತಿಳಿಯುವ ಸಣ್ಣ ಹಲ್ಲು. ರೆಂಬೆಯ ತುದಿಯಲ್ಲಿ ಹೂಗೊಂಚಲು. ನಾಲ್ಕೇ ಎಸಳು, ಕಣ್ಣಿಗೆ ಹೊಡೆಯುವ ಗುಲಾಬಿ ಬಣ್ಣ. ಹೂ ಪೂರ್ತಿ ಬಿಚ್ಚಿಕೊಳ್ಳುವುದಿಲ್ಲ. ಒಳಗಿನ ಎಂಟು ಕೇಸರ ನೋಡಬೇಕಾದರೆ ಮೇಲಿಂದ ಬಗ್ಗಿಯೇ ನೋಡಬೇಕು.

ಅಮ್ಮನ ಕೈ ತಾನಾಗಿಯೇ ಮುಂದೆ ಹೋಯಿತು. ಬೆಳಿಗ್ಗೆ ಎದ್ದು ದೇವರಿಗೆ ಹೂ ಕೊಯ್ಯುವ ಕೈ ಅದು.

"ಅಮ್ಮ, ಕೊಯ್ಯೋ ಹಾಗಿಲ್ಲ."

"ಒಂದೇ ಒಂದು ಕಣೇ."

ಒಂದೊಂದೇ ಅಂತಲೇ ಇದಕ್ಕೆ ಕುತ್ತು ಬಂದಿದ್ದು. ಹಿಂದೆ ಜನ ಕಾಡಿಗೆ ಹೋಗಿ ಕಟ್ಟುಗಟ್ಟಲೆ ಕಿತ್ತು ತಂದು ಸಿಡ್ನಿಯಲ್ಲಿ ಮಾರುತ್ತಿದ್ದರು. ಅಷ್ಟು ಚೆಂದದ ಹೂ, ಅಷ್ಟು ಘಮ, ಯಾರಿಗೆ ಬೇಡ? ಕಾಡುಹೂಗಳನ್ನು ಹೀಗೆ ಬಳಿದುಕೊಂಡು ಹೋಗುವುದನ್ನು ತಡೆಯಲು ನ್ಯೂ ಸೌತ್ ವೇಲ್ಸ್‌ನಲ್ಲಿ 1927ರಲ್ಲಿ ಕಾನೂನೇ ತಂದರು. ಹೂವನ್ನು ದ್ವೇಷಿಸಿ ಯಾರೂ ಕೀಳಲಿಲ್ಲ, ಇಷ್ಟಪಟ್ಟೇ ಕಿತ್ತರು. ಅದನ್ನು ಹೇಳಿದ್ದೇ ಅಮ್ಮ ಕೈ ಹಿಂದಕ್ಕೆ ತೆಗೆದುಕೊಂಡಳು.

ಹಾಗಂತ ಬಿಟ್ಟು ಹೊರಡಲಿಲ್ಲ. ದಾರಿಯಂಚಿಗೇ ಚಾಚಿದ್ದ ರೆಂಬೆಯ ಹತ್ತಿರ ಕೂತಳು. ಎಲೆಯನ್ನು ಮೆಲ್ಲಗೆ ಸವರಿ ಬೆರಳು ಮೂಸಿದಳು. "ನಿಂಬೆ ಎಲೆ ಥರ ಇದೆಯಲ್ಲೇ?" ನನಗೆ ಬೇಕಾಗಿದ್ದೂ ಅದೇ ಪ್ರಶ್ನೆ. ಬೊರೋನಿಯಾ ನಿಂಬೆಯ ಕುಟುಂಬದ್ದೇ. ನಮ್ಮ ಕರಿಬೇವು, ಬಿಲ್ವಪತ್ರೆ, ಬೇಲ, ಕಿತ್ತಳೆ ಎಲ್ಲವೂ ಆ ಮನೆತನದವು. ಎಲೆಯನ್ನು ಬೆಳಕಿಗೆ ಹಿಡಿದು ನೋಡಿದರೆ ಸೂಜಿಮೊನೆಯಷ್ಟು ಚುಕ್ಕೆಗಳು ಕಾಣುತ್ತವೆ. ಎಣ್ಣೆ ತುಂಬಿದ ಸಣ್ಣ ಚೀಲಗಳು ಅವು, ವಾಸನೆ ಬರುವುದು ಅಲ್ಲಿಂದಲೇ. ಕರಿಬೇವಿನ ಎಲೆಯಲ್ಲೂ ಹೀಗೇ ಇದೆ. ಈಗಲೇ ಒಂದು ಎಸಳು ತಗೊಂಡು ಕಿಟಕಿ ಹತ್ತಿರ ಹೋಗಿ ನೋಡಿ.

"ಬಿಲ್ವ ಇವರ ಪೈಕಿನಾ?" ಅಮ್ಮ ಎರಡು ಸಲ ಕೇಳಿ ಖಾತ್ರಿ ಮಾಡಿಕೊಂಡಳು. ಆಮೇಲೆ ಗಿಡದ ಕಡೆ ನೋಡುವ ನೋಟವೇ ಬೇರೆಯಾಯಿತು. ಊರಲ್ಲಿ ಹೊಸಬರ ಪರಿಚಯವಾದರೆ ಯಾರ ಮನೆಯವರು, ಯಾವ ಕಡೆಯವರು ಅಂತ ಕೇಳುತ್ತಾಳಲ್ಲ, ಹಾಗೇ ಶುರುವಾಯಿತು. ಹೆಸರು ಯಾಕೆ ಹಾಗಿದೆ, ಯಾರು ಇಟ್ಟಿದ್ದು? ಫ್ರಾನ್ಸೆಸ್ಕೊ ಬೊರೋನೆ ಅಂತ ಇಟಲಿಯ ಹುಡುಗ, ಗಿಡ ಸಂಗ್ರಹಿಸುವವರ ಸಹಾಯಕ. 1794ರಲ್ಲಿ ಅಥೆನ್ಸ್‌ನಲ್ಲಿ ಕಿಟಕಿಯಿಂದ ಬಿದ್ದು ಸತ್ತ. ಅವನನ್ನು ಬಲ್ಲ ಸಸ್ಯಶಾಸ್ತ್ರಜ್ಞ ಜೇಮ್ಸ್ ಎಡ್ವರ್ಡ್ ಸ್ಮಿತ್ 1798ರಲ್ಲಿ ಈ ಕುಲಕ್ಕೆ ಅವನ ಹೆಸರಿಟ್ಟರು. ಹುಡುಗ ಆಸ್ಟ್ರೇಲಿಯಾವನ್ನು ಕಂಡವನೇ ಅಲ್ಲ. "ಪಾಪ, ಯಾವ ತಾಯಿ ಮಗನೋ," ಅಂದಳು ಅಮ್ಮ.

ನೋಡುವ ಆಸೆ ಇದ್ದವರು ಆಗಸ್ಟ್‌ನಿಂದ ಅಕ್ಟೋಬರ್ ಒಳಗೆ ಹೋಗಿ. ಒಣಗಿದ ಜಾಗ ಬಿಟ್ಟು ತೇವದ ಇಳಿಜಾರು ಹುಡುಕಿ. ನೆಲದಿಂದ ಎತ್ತರಿಸಿ ಹಾಕಿರುವ ಜಾಲರಿ ಹಲಗೆಯ ದಾರಿ ಬಿಟ್ಟು ಇಳಿಯಬೇಡಿ. ಹೋಗುವ ಮುಂಚೆ ಬೂಟಿಗೆ ಮೆತ್ತಿದ ಮಣ್ಣನ್ನು ಉಜ್ಜಿ ತೊಳೆಯಿರಿ. ಫೈಟಾಫ್ತೊರಾ ಎಂಬ ಬೇರು ಕೊಳೆಸುವ ರೋಗ ಒಂದು ಕಾಡಿನಿಂದ ಇನ್ನೊಂದಕ್ಕೆ ಹೋಗುವುದು ಹೀಗೆ ನಮ್ಮ ಕಾಲಿಗಂಟಿದ ಕೆಸರಿನಲ್ಲೇ.