ಲೂವ್ರ್‌ನಲ್ಲಿ ನಾನು ಬಿಟ್ಟು ಬಂದದ್ದು, ನಿಂತು ನೋಡಿದ್ದು

ಪ್ಯಾರಿಸ್‌ಗೆ ಹೋಗಿದ್ದೆ, ಲೂವ್ರ್ ಮ್ಯೂಸಿಯಂ ನೋಡಿದೆ, ಆದರೆ ಅಲ್ಲಿನ ಹೆಸರುವಾಸಿಯಾದ, ಕೈಗಳಿಲ್ಲದ ವೀನಸ್ ದೇವತೆಯ ಪ್ರತಿಮೆ ನೋಡಲಿಲ್ಲ ಅಂತ ಹೇಳಿದಾಗಿನಿಂದ ನಮ್ಮ ಕಡೆಯವರು ನನ್ನನ್ನು ಒಂಥರಾ ನೋಡುತ್ತಿದ್ದಾರೆ. ಅಷ್ಟು ದುಡ್ಡು ಹಾಕಿ ಹೋಗಿ ಅದನ್ನೇ ಬಿಟ್ಟು ಬಂದಿರಾ ಅಂತ. ಹೌದು, ಬಿಟ್ಟು ಬಂದೆ. ಬೇಕಂತಲೇ. ಇವತ್ತು ಮಳೆ ಜೋರಾಗಿದೆ, ತೋಟದ ಕಡೆ ಕಾಲಿಡುವ ಹಾಗಿಲ್ಲ. ಕರೆಂಟ್ ಹೋಗುವ ಮೊದಲು ಅದರ ಬಗ್ಗೆ ಬರೆದುಬಿಡೋಣ ಅಂತ ಕೂತಿದ್ದೇನೆ.

ಮಡಿಕೇರಿ ಹತ್ತಿರ ನಮ್ಮದೊಂದು ಸಣ್ಣ ಹೋಂಸ್ಟೇ ಇದೆ. ಬರುವ ಗೆಸ್ಟ್‌ಗಳಲ್ಲಿ ಹೆಚ್ಚಿನವರ ಫೋನಿನಲ್ಲಿ ಒಂದು ಲಿಸ್ಟ್ ಇರುತ್ತದೆ. ಬೆಳಿಗ್ಗೆ ತಲಕಾವೇರಿ, ಬರುವಾಗ ಅಬ್ಬಿ ಫಾಲ್ಸ್, ಮಧ್ಯಾಹ್ನ ದುಬಾರೆ ಆನೆ, ಹಾಗೇ ಬೈಲಕುಪ್ಪೆಯ ಗೋಲ್ಡನ್ ಟೆಂಪಲ್, ಸೂರ್ಯ ಮುಳುಗುವುದರೊಳಗೆ ಓಡೋಡಿ ಬಂದು ರಾಜಾಸೀಟ್. ಎಲ್ಲಾ ಒಂದೇ ದಿನ! ತಿರುವುಗಳಲ್ಲಿ ಮಕ್ಕಳು ವಾಂತಿ ಮಾಡಿಕೊಂಡು, ದೊಡ್ಡವರು ಡ್ರೈವರ್‌ಗೆ ಬೈದುಕೊಂಡು ರಾತ್ರಿ ವಾಪಸ್ ಬರುತ್ತಾರೆ. ಏನು ನೋಡಿದಿರಿ ಅಂದರೆ ಫೋನ್ ತೆಗೆದು ತೋರಿಸುತ್ತಾರೆ. ನಾನು ಊಟ ಬಡಿಸುತ್ತಾ "ನಾಳೆ ಎಲ್ಲಿಗೂ ಹೋಗಬೇಡಿ, ಇಲ್ಲೇ ಜಗುಲಿಯಲ್ಲಿ ಕೂತಿರಿ" ಅಂತ ಹೇಳಿದರೆ ಯಾರೂ ಕೇಳಿದ್ದಿಲ್ಲ.

ಮಗಳು ಫ್ರಾನ್ಸಿನ ಲಿಯೋನ್‌ನಲ್ಲಿ ಓದುತ್ತಿದ್ದಾಳೆ. ಕಳೆದ ವರ್ಷ, 2025ರ ಸೆಪ್ಟೆಂಬರ್‌ನಲ್ಲಿ, ನಾಟಿ ಆಗಿ, ಕೈಲ್ ಮುಹೂರ್ತ ಹಬ್ಬ ಮುಗಿಸಿ, ಕಾಫಿ ಕುಯ್ಲು ಶುರುವಾಗುವ ಮೊದಲು ನಾನು, ಯಜಮಾನರು ಇಬ್ಬರೂ ಹೋಗಿ ಬಂದೆವು. ನಮ್ಮ ಯಜಮಾನರು ಇಂಟರ್ನೆಟ್ಟಿನಿಂದ ಲೂವ್ರ್‌ನಲ್ಲಿ ನೋಡಲೇಬೇಕಾದವುಗಳ ಉದ್ದನೆಯ ಪಟ್ಟಿ ಬರೆದುಕೊಂಡಿದ್ದರು, ಅದೂ ಕೋಣೆ ನಂಬರ್ ಸಮೇತ. ನಾನು ನೋಡಿದೆ. "ರೀ, ನೀವು ನಿಮ್ಮ ಲಿಸ್ಟ್ ಮುಗಿಸಿ, ನಾನು ನನ್ನ ಪಾಡಿಗೆ ಇರುತ್ತೇನೆ, ರಾತ್ರಿ ಎಂಟಕ್ಕೆ ಒಳಬರುವ ಬಾಗಿಲಿನ ಗಾಜಿನ ಪಿರಮಿಡ್ ಕೆಳಗೆ ಸಿಗೋಣ" ಅಂದೆ. ಮಗಳು ನಕ್ಕಳು. "ಅಮ್ಮ, ನೀನು ಕಳೆದುಹೋದರೆ?" "ಕಳೆದುಹೋದರೆ ಕೂತಿರ್ತೀನಿ, ನೀನೇ ಹುಡುಕಿಕೊಂಡು ಬಾ." ಅವಳು ಅಪ್ಪನ ಜೊತೆ ಹೋದಳು. ಒಳ್ಳೆಯದಾಯಿತು.

ಲೆಕ್ಕ ಹಾಕಿದರೆ ಗೊತ್ತಾಗುತ್ತದೆ ಆ ಲಿಸ್ಟಿನ ಕಥೆ. ಲೂವ್ರ್‌ನಲ್ಲಿ ಜನರಿಗೆ ಕಾಣುವ ಹಾಗೆ ಇಟ್ಟಿರುವ ವಸ್ತುಗಳೇ ಸುಮಾರು 35,000. ಒಂದೊಂದಕ್ಕೆ ಬರೀ ಅರ್ಧ ನಿಮಿಷ ಕೊಟ್ಟರೂ ಊಟ ನಿದ್ದೆ ಬಿಟ್ಟು ಹನ್ನೆರಡು ದಿನ ಬೇಕು. ಅಂದರೆ ಅಲ್ಲಿಗೆ ಹೋದ ಯಾರೂ ಅದನ್ನು ಪೂರ್ತಿ ನೋಡಿ ಬಂದಿಲ್ಲ, ಹೇಗೂ ಬಿಟ್ಟೇ ಬರಬೇಕು. ಹಾಗಿದ್ದ ಮೇಲೆ ಯಾವುದನ್ನು ಬಿಡಬೇಕು ಅನ್ನುವುದನ್ನು ನಾನೇ ಯಾಕೆ ತೀರ್ಮಾನ ಮಾಡಬಾರದು? ಇನ್ನು ಜನ. 2024ರಲ್ಲಿ ಅಲ್ಲಿಗೆ ಬಂದವರು 87 ಲಕ್ಷ. ನಮ್ಮ ಇಡೀ ಕೊಡಗು ಜಿಲ್ಲೆಯ ಜನಸಂಖ್ಯೆ 2011ರ ಗಣತಿಯಲ್ಲಿ ಐದೂವರೆ ಲಕ್ಷ. ದಿನಕ್ಕೆ 30,000ಕ್ಕಿಂತ ಜಾಸ್ತಿ ಬಿಡುವುದಿಲ್ಲ ಅಂತ ಅವರೇ ಮಿತಿ ಹಾಕಿಕೊಂಡಿದ್ದಾರೆ. ಮಡಿಕೇರಿ ಪೇಟೆಯಲ್ಲಿ ಅದೇ ಗಣತಿ ಪ್ರಕಾರ ಇರುವುದು ಸುಮಾರು 33,000. ಹೆಚ್ಚುಕಮ್ಮಿ ಇಡೀ ಮಡಿಕೇರಿ ದಿನಾ ಎದ್ದು ಒಂದು ಅರಮನೆಯೊಳಗೆ ಹೋಗಿ ಬಂದ ಲೆಕ್ಕ. ನಾವು ಹೋಗುವ ಕೆಲವು ತಿಂಗಳ ಹಿಂದೆ, ಜೂನ್‌ನಲ್ಲಿ, ಈ ಜನಜಂಗುಳಿ ನಮ್ಮ ಕೈಲಾಗಲ್ಲ ಅಂತ ಅಲ್ಲಿನ ಸಿಬ್ಬಂದಿಯೇ ಒಂದು ದಿನ ಕೆಲಸ ನಿಲ್ಲಿಸಿ ಕೂತಿದ್ದರು.

ಆದರೆ ಒಂದು ವಿಷಯ ಇದೆ. ಆ ಜನ ಎಲ್ಲಾ ಕಡೆ ಇರುವುದಿಲ್ಲ. ಒಳಗೆ ಮೂರು ಭಾಗ: ದೆನೋನ್, ಸುಲ್ಲಿ, ರಿಶೆಲ್ಯೂ. ಮೊನಾಲಿಸಾ ಇರುವುದು ದೆನೋನ್‌ನಲ್ಲಿ. ಪಿರಮಿಡ್ ಕೆಳಗೆ ಇಳಿದ ಕೂಡಲೇ ಬಾಣದ ಗುರುತು ಹಿಡಿದು ಜನ ಅತ್ತ ಹರಿಯುತ್ತಾರೆ. ನಾನು ಎದುರು ದಿಕ್ಕಿನ ರಿಶೆಲ್ಯೂ ಕಡೆ ತಿರುಗಿದೆ. ಅಲ್ಲಿ ಮಾರ್ಲಿ ಅಂಗಳ ಅಂತ ಒಂದು ಜಾಗ. ಮೇಲೆ ಗಾಜಿನ ಮಾಡು, ಒಳಗೆ ಬೆಳಕು, ಅಮೃತಶಿಲೆಯ ದೊಡ್ಡ ದೊಡ್ಡ ಕುದುರೆಗಳು, ಕುಂಡದಲ್ಲಿ ಮರಗಳು, ಕೂರಲಿಕ್ಕೆ ಜಾಗ. ಈ ಭಾಗದಲ್ಲಿ ಮೊದಲು ಫ್ರಾನ್ಸಿನ ಹಣಕಾಸು ಇಲಾಖೆಯ ಕಚೇರಿ ಇತ್ತಂತೆ, ಅದನ್ನು ಖಾಲಿ ಮಾಡಿಸಿ 1993ರಲ್ಲಿ ಮ್ಯೂಸಿಯಂಗೆ ಸೇರಿಸಿದರು. ಕುದುರೆಗಳ ಎದುರು ಕೂತೆ. ಸುಮ್ನೆ. ಯಾರೋ ಕಾಲೇಜು ಹುಡುಗರು ನೆಲದ ಮೇಲೆ ಕೂತು ಪೆನ್ಸಿಲ್‌ನಲ್ಲಿ ಕುದುರೆಯ ಕಾಲು ಬಿಡಿಸುತ್ತಿದ್ದರು, ಅಳಿಸುತ್ತಿದ್ದರು, ಮತ್ತೆ ಬಿಡಿಸುತ್ತಿದ್ದರು.

ಹೀಗೆ ಕೂರುವ ಅಭ್ಯಾಸ ನನಗೆ ಪ್ಯಾರಿಸ್‌ನಲ್ಲಿ ಬಂದದ್ದಲ್ಲ. ಮಡಿಕೇರಿ ಕೋಟೆಯಲ್ಲಿ ಬಂದದ್ದು. ಆಗ ಕೋಟೆಯ ಒಳಗೇ ಸರ್ಕಾರಿ ಕಚೇರಿಗಳು ಇದ್ದವು. ತೋಟದ ಕಾಗದ ಪತ್ರ ಅಂತ ಹೋದರೆ ಸಾಹೇಬರು ಊಟಕ್ಕೆ ಹೋಗಿರುತ್ತಿದ್ದರು, ಇಲ್ಲಾ ಮೀಟಿಂಗ್. ಕಾಯುವ ಹೊತ್ತಿಗೆ ಅಲ್ಲೇ ಪಕ್ಕದ ಮ್ಯೂಸಿಯಂಗೆ ಹೋಗುತ್ತಿದ್ದೆ. ಬ್ರಿಟಿಷರು 1859ರಲ್ಲಿ ಕಟ್ಟಿದ ಸೇಂಟ್ ಮಾರ್ಕ್ಸ್ ಚರ್ಚು ಅದು, ಈಗ ಸರ್ಕಾರಿ ವಸ್ತುಸಂಗ್ರಹಾಲಯ. ಕೋಟೆಗೆ ಬರುವ ಪ್ರವಾಸಿಗರು ಗಾರೆಯ ಎರಡು ಆನೆ ಎದುರು ಫೋಟೋ ಹೊಡೆಸಿಕೊಂಡು ಹೊರಟುಬಿಡುತ್ತಾರೆ. ಮ್ಯೂಸಿಯಂನಲ್ಲಿರುವ ಒಂದು ವೀರಗಲ್ಲನ್ನು ಸರಿಯಾಗಿ ನೋಡಬೇಕಾದರೆ ಕೆಳಗಿಂದ ಮೇಲಕ್ಕೆ ನೋಡಬೇಕು: ಕೆಳಗೆ ಹೋರಾಟ, ಮಧ್ಯೆ ಸತ್ತವನನ್ನು ಅಪ್ಸರೆಯರು ಕರೆದುಕೊಂಡು ಹೋಗುವುದು, ಮೇಲೆ ಕೈಲಾಸ. ಇದು ನನಗೆ ಯಾರೂ ಹೇಳಿಕೊಟ್ಟದ್ದಲ್ಲ. ಬೇರೆ ಕೆಲಸ ಇಲ್ಲದೆ ನಿಂತು ನಿಂತು ಗೊತ್ತಾದದ್ದು.

ಸರಿ, ಲೂವ್ರ್‌ಗೆ ಬರುತ್ತೇನೆ. ರಿಶೆಲ್ಯೂ ಭಾಗದ ಎರಡನೇ ಮಹಡಿಯಲ್ಲಿ ಹಾಲೆಂಡಿನ ಚಿತ್ರಕಾರ ವರ್ಮೀರ್ ಬರೆದ ಲೇಸ್ ಹೆಣೆಯುವ ಹುಡುಗಿಯ ಚಿತ್ರ ಇದೆ. ಎಷ್ಟು ದೊಡ್ಡದು ಅಂತೀರಾ? 24 ಸೆಂಟಿಮೀಟರ್ ಎತ್ತರ, 21 ಅಗಲ. ಒಂದು ನೋಟ್‌ಬುಕ್ಕಿನಷ್ಟು. ನಾನು ಹುಡುಕಿಕೊಂಡು ಹೋದಾಗ ಅದರ ಎದುರು ಒಬ್ಬ ಅಜ್ಜ ಇದ್ದರು, ಅವರು ಸರಿದ ಮೇಲೆ ನಾನೊಬ್ಬಳೇ. ಹುಡುಗಿ ತಲೆ ಬಗ್ಗಿಸಿ, ಕೈಯಲ್ಲಿ ದಾರದ ಕಡ್ಡಿ ಹಿಡಿದು ಕೆಲಸ ಮಾಡುತ್ತಿದ್ದಾಳೆ. ನಮ್ಮನ್ನು ನೋಡುವುದೇ ಇಲ್ಲ. ಪಕ್ಕದಲ್ಲಿ ನೀಲಿ ದಿಂಬು, ಅದರಿಂದ ಕೆಂಪು ಮತ್ತು ಬಿಳಿ ದಾರ ಹೊರಗೆ ಚೆಲ್ಲಿದೆ. ಈ ದಾರವನ್ನೇ ನಾನು ಎಷ್ಟೋ ಹೊತ್ತು ನೋಡಿದೆ. ದೂರದಿಂದ ದಾರ. ಹತ್ತಿರ ಹೋದರೆ ದಾರವೇ ಇಲ್ಲ, ಬರೀ ಬಣ್ಣ ಸೋರಿದ ಹಾಗೆ ಇದೆ. ಆದರೆ ಅವಳ ಬೆರಳುಗಳ ನಡುವೆ ಎಳೆದು ಹಿಡಿದ ದಾರ ಕೂದಲಿನಷ್ಟು ಸಪೂರ, ಚೂಪು. ಅವಳ ಕಣ್ಣು ಎಲ್ಲಿ ನೆಟ್ಟಿದೆಯೋ ಅಲ್ಲಿ ಮಾತ್ರ ಎಲ್ಲವೂ ಸ್ಪಷ್ಟ, ಉಳಿದದ್ದು ಮಸುಕು. ನಾನೂ ಹೊಲಿಗೆ ಮಾಡುವವಳು, ಸೂಜಿಗೆ ದಾರ ಪೋಣಿಸುವಾಗ ಪಕ್ಕದಲ್ಲಿ ಏನಿದೆ ಅಂತ ಕಾಣುವುದಿಲ್ಲ ಅಲ್ವಾ, ಹಾಗೇ ಬರೆದಿದ್ದಾನೆ ಪುಣ್ಯಾತ್ಮ.

ಅಲ್ಲಿಂದ ಹೊರಟು, ದಾರಿ ತಪ್ಪಿ, ಯಾವ್ಯಾವುದೋ ಕೋಣೆ ದಾಟಿ ಅಪೋಲೋ ಗ್ಯಾಲರಿಗೆ ಬಂದೆ. ಎಲ್ಲಾ ಬಂಗಾರದ ಬಣ್ಣ, ಕಣ್ಣು ಕುಕ್ಕುತ್ತದೆ. ಫ್ರಾನ್ಸಿನ ರಾಜಮನೆತನದ ಒಡವೆಗಳನ್ನು ಗಾಜಿನ ಪೆಟ್ಟಿಗೆಯಲ್ಲಿ ಇಟ್ಟಿದ್ದರು. ಅದರಲ್ಲಿ ಸಾಮ್ರಾಜ್ಞಿ ಯೂಜಿನಿಯ ಕಿರೀಟವೂ ಇತ್ತು. ಒಡವೆ ನನಗೆ ಅಷ್ಟೇನೂ ಹಿಡಿಸಲಿಲ್ಲ. ಆದರೆ ಈ ಯೂಜಿನಿಯ ಚಿತ್ರ ಬರೆದ ವಿಂಟರ್‌ಹಾಲ್ಟರ್ ಅನ್ನುವವನೇ 1854ರಲ್ಲಿ ನಮ್ಮ ಗೌರಮ್ಮನ ಚಿತ್ರವನ್ನೂ ಬರೆದದ್ದು. ಕೊಡಗಿನ ಕೊನೆಯ ರಾಜ ಚಿಕ್ಕವೀರರಾಜೇಂದ್ರನ ಮಗಳು ಗೌರಮ್ಮ. ಅಪ್ಪನ ಜೊತೆ 1852ರಲ್ಲಿ ಇಂಗ್ಲೆಂಡಿಗೆ ಹೋಗಿ, ವಿಕ್ಟೋರಿಯಾ ರಾಣಿಯ ಆಶ್ರಯದಲ್ಲಿ ಬೆಳೆದು, ಚಿಕ್ಕ ವಯಸ್ಸಿನಲ್ಲೇ ತೀರಿಕೊಂಡ ಹುಡುಗಿ. ಆ ಚಿತ್ರ ಈಗಲೂ ಇಂಗ್ಲೆಂಡಿನ ರಾಜಮನೆತನದ ಸಂಗ್ರಹದಲ್ಲಿದೆ. ಯಜಮಾನರ ಲಿಸ್ಟಿನಲ್ಲಿ ಈ ಸಂಬಂಧ ಎಲ್ಲಿರುತ್ತದೆ ಹೇಳಿ! ನಾವು ಊರಿಗೆ ಬಂದ ಮೇಲೆ, ಅಕ್ಟೋಬರ್ 19ರಂದು, ಅದೇ ಗ್ಯಾಲರಿಗೆ ಹಗಲು ಹೊತ್ತಿನಲ್ಲೇ ಕಳ್ಳರು ಲಾರಿಯ ಏಣಿ ಹತ್ತಿ ಕಿಟಕಿಯಿಂದ ನುಗ್ಗಿ, ಕೆಲವೇ ನಿಮಿಷದಲ್ಲಿ ಒಡವೆ ಹೊಡೆದುಕೊಂಡು ಹೋದರು. ಯೂಜಿನಿಯ ಕಿರೀಟವನ್ನು ಓಡುವ ಗಡಿಬಿಡಿಯಲ್ಲಿ ಬೀಳಿಸಿ ಹೋದರಂತೆ, ಜಖಂ ಆಗಿದೆ.

ಮೊನಾಲಿಸಾ ಕೋಣೆಗೆ ಹೋಗುವಾಗ ಸಂಜೆ ಆರು ದಾಟಿತ್ತು. ನಾವು ಹೋದದ್ದು ಬುಧವಾರ. ಬುಧವಾರ ಮತ್ತು ಶುಕ್ರವಾರ ರಾತ್ರಿ 9ರವರೆಗೆ ತೆರೆದಿರುತ್ತದೆ, ಗುಂಪಿನಲ್ಲಿ ಬಂದವರೆಲ್ಲಾ ಅಷ್ಟು ಹೊತ್ತಿಗೆ ಬಸ್ ಹತ್ತಿರುತ್ತಾರೆ. ಆದರೂ ಅಲ್ಲಿ ರಶ್ ಇತ್ತು. ಚಿತ್ರ ಇರುವುದು 77 ಸೆಂಟಿಮೀಟರ್ ಎತ್ತರ, ಅದಕ್ಕೆ ಗುಂಡು ತಾಗದ ಗಾಜು, ಎದುರಿಗೆ ಕಟಕಟೆ, ಅದರ ಹಿಂದೆ ಎತ್ತಿ ಹಿಡಿದ ಫೋನುಗಳು. ನನಗೆ ಕಂಡದ್ದು ಬೇರೆಯವರ ಫೋನಿನೊಳಗಿನ ಮೊನಾಲಿಸಾ. 1911ರಲ್ಲಿ ಇದನ್ನು ಅಲ್ಲಿ ಕೆಲಸ ಮಾಡಿದ್ದ ಒಬ್ಬ ಇಟಲಿಯವನು ಕದ್ದುಕೊಂಡು ಹೋಗಿದ್ದಾಗ, ಖಾಲಿ ಗೋಡೆ ನೋಡಲಿಕ್ಕೇ ಜನ ಸಾಲು ನಿಂತಿದ್ದರಂತೆ. ನಂಬುವ ಮಾತೇ. ನಾನು ದೂರದಿಂದಲೇ ಒಮ್ಮೆ ನೋಡಿ, ಬೆನ್ನು ಹಾಕಿದೆ.

ಬೆನ್ನು ಹಾಕಿದರೆ ಎದುರಿನ ಗೋಡೆ ತುಂಬಾ ಮದುವೆ ಊಟ. ಇಟಲಿಯ ಚಿತ್ರಕಾರ ಪಾವೊಲೊ ವೆರೊನೇಸೆ 1563ರಲ್ಲಿ ಮುಗಿಸಿದ ಕಾನಾ ಊರಿನ ಮದುವೆ. ಎತ್ತರ 6.77 ಮೀಟರ್, ಅಗಲ 9.94 ಮೀಟರ್, ಲೂವ್ರ್‌ನಲ್ಲಿರುವ ಚಿತ್ರಗಳಲ್ಲೇ ಅತಿ ದೊಡ್ಡದು. ಅಷ್ಟು ದೊಡ್ಡದಕ್ಕೆ ಬೆನ್ನು ತಿರುಗಿಸಿಕೊಂಡು ನೂರಾರು ಜನ ನಿಂತಿದ್ದಾರೆ! ಬೈಬಲ್ ಕಥೆ ಗೊತ್ತಿರಬಹುದು: ಮದುವೆಮನೆಯಲ್ಲಿ ವೈನ್ ಮುಗಿದುಹೋಗುತ್ತದೆ, ಯೇಸು ನೀರನ್ನೇ ವೈನ್ ಮಾಡುತ್ತಾನೆ. ಈ ಕಥೆಯ ಗಾಂಭೀರ್ಯ ಕೊಡಗಿನವರಿಗೆ ಅರ್ಥವಾದಷ್ಟು ಬೇರೆ ಯಾರಿಗೂ ಆಗಲಿಕ್ಕಿಲ್ಲ. ನಮ್ಮ ಕಡೆ ಮದುವೆಯಲ್ಲಿ ಪಂದಿಕರಿ ಕಮ್ಮಿ ಬಿದ್ದರೂ ಹೇಗೋ ಸುಧಾರಿಸಬಹುದು, ಡ್ರಿಂಕ್ಸ್ ಮುಗಿದರೆ ಆ ಮನೆಯವರು ಮೊಮ್ಮಕ್ಕಳ ಮದುವೆಯವರೆಗೂ ಮಾತು ಕೇಳಬೇಕು.

ನಿಂತು ನೋಡುತ್ತಾ ಹೋದೆ. ಮಧ್ಯದಲ್ಲಿ ಯೇಸು, ಸರಿ. ಮದುಮಕ್ಕಳು ಎಲ್ಲಿ? ಎಡಗಡೆ ಮೂಲೆಯಲ್ಲಿ, ಮೇಜಿನ ಕೊನೆಗೆ ತಳ್ಳಿಬಿಟ್ಟಿದ್ದಾರೆ, ಯಾರೂ ಅವರನ್ನು ಗಮನಿಸುತ್ತಿಲ್ಲ. ಅದೇ ಕಡೆ ಒಬ್ಬಳು ಹೆಂಗಸು ಹಲ್ಲುಕಡ್ಡಿಯಿಂದ ಹಲ್ಲು ಕೆದಕುತ್ತಿದ್ದಾಳೆ, ಅಷ್ಟು ಜನರ ಎದುರು! ಯೇಸುವಿನ ನೆತ್ತಿಯ ನೇರಕ್ಕೆ ಮೇಲಿನ ಕಟ್ಟೆಯಲ್ಲಿ ಒಬ್ಬ ಕತ್ತಿ ಹಿಡಿದು ಮಾಂಸ ಕಡಿಯುತ್ತಿದ್ದಾನೆ. ಮುಂದೆ ಯೇಸುವೇ ಬಲಿಯಾಗಲಿದ್ದಾನೆ ಅಂತ ಚಿತ್ರಕಾರ ಅದರಲ್ಲೇ ಹೇಳಿದ್ದಾನೆ ಅಂತ ಬಲ್ಲವರು ಹೇಳುತ್ತಾರೆ, ನನಗೆ ಮಾತ್ರ ಮೊದಲು ಕಂಡದ್ದು ಅಡುಗೆಯವರ ಗಡಿಬಿಡಿ. ಮುಂದೆ ವಾದ್ಯದವರು, ಅವರ ಮೇಜಿನ ಮೇಲೆ ಮರಳು ಗಡಿಯಾರ. ಬಲಗಡೆ ಒಬ್ಬ ಕಲ್ಲಿನ ಹೂಜಿಯಿಂದ ಸಣ್ಣ ಪಾತ್ರೆಗೆ ಸುರಿಯುತ್ತಿದ್ದಾನೆ, ಸುರಿಯುವಾಗ ಅದು ವೈನ್. ಬಿಳಿ ಜರಿ ಬಟ್ಟೆ ತೊಟ್ಟವನೊಬ್ಬ ಗ್ಲಾಸ್ ಎತ್ತಿ ಬಣ್ಣ ನೋಡುತ್ತಿದ್ದಾನೆ. ಆ ಪವಾಡ ನಡೆದ ಹೂಜಿಯ ಹತ್ತಿರವೇ ಒಂದು ಬೆಕ್ಕು ಬೆನ್ನ ಮೇಲೆ ಮಲಗಿ ಹೂಜಿ ಪರಚುತ್ತಿದೆ. ದೇವರು ಪವಾಡ ಮಾಡಲಿ ಬಿಡಲಿ, ಬೆಕ್ಕಿಗೆ ತನ್ನ ಆಟ. ಆ ಬೆಕ್ಕು ಕಣ್ಣಿಗೆ ಬೀಳಲಿಕ್ಕೆ ನನಗೆ ಸುಮಾರು ಹೊತ್ತು ಬೇಕಾಯಿತು.

ಇದನ್ನು ಬರೆದದ್ದು ವೆನಿಸ್‌ನ ಒಂದು ಮಠದ ಊಟದ ಮನೆಗೆ. ಸಂಬಳ 324 ಡಕಟ್ (ಆ ಕಾಲದ ವೆನಿಸ್ ದುಡ್ಡು), ಜೊತೆಗೆ ಊಟ ಮತ್ತು ಒಂದು ಪೀಪಾಯಿ ವೈನ್ ಅಂತ ಕರಾರು. ನೆಪೋಲಿಯನ್ ಸೈನ್ಯ 1797ರಲ್ಲಿ ಇದನ್ನು ಕತ್ತರಿಸಿ, ಸುತ್ತಿ, ಪ್ಯಾರಿಸ್‌ಗೆ ಸಾಗಿಸಿತು. ವಾಪಸ್ ಕೊಡಲೇ ಇಲ್ಲ. ಆ ಊಟದ ಮನೆಯಲ್ಲಿ ಈಗ ಅಷ್ಟೇ ದೊಡ್ಡ ನಕಲು ಇದೆ, 2007ರಿಂದ. ಬ್ರಿಟಿಷರು ಆಳಿದ ಮಡಿಕೇರಿಯಿಂದ ಹೋದವಳಿಗೆ ಇದನ್ನು ಓದುವಾಗ ಸ್ವಲ್ಪ ಕಿರಿಕಿರಿ ಆಗಿಯೇ ಆಗುತ್ತದೆ.

ಎಂಟಕ್ಕೆ ಪಿರಮಿಡ್ ಕೆಳಗೆ ಯಜಮಾನರು ಸಿಕ್ಕರು. ಶೂ ಬಿಚ್ಚಿ ಕೂತಿದ್ದರು. ಲಿಸ್ಟ್ ಮುಕ್ಕಾಲು ಆಗಿತ್ತು, ಖುಷಿಯಾಗಿದ್ದರು. ಹಳೆಯ ಬ್ಯಾಬಿಲೋನಿನ ರಾಜ ಹಮ್ಮುರಾಬಿಯ ಕಾನೂನು ಕೆತ್ತಿದ ಎರಡು ಕಾಲು ಮೀಟರ್ ಎತ್ತರದ ಕಪ್ಪು ಕಲ್ಲಿನ ಬಗ್ಗೆ, ಗ್ರೀಕರ ರೆಕ್ಕೆಯ ವಿಜಯದೇವತೆ ಪ್ರತಿಮೆಯ ಬಲ ರೆಕ್ಕೆ ಅಸಲಿಯಲ್ಲ, ಎಡಗಡೆಯದ್ದನ್ನೇ ತಿರುಗಿಸಿ ಗಾರೆಯಲ್ಲಿ ಮಾಡಿ ಕೂರಿಸಿದ್ದು ಅನ್ನುವುದರ ಬಗ್ಗೆ ಮೆಟ್ರೋದಲ್ಲಿ ಇಡೀ ದಾರಿ ಹೇಳಿದರು. ಅವರಿಗೆ ಓಡುವುದರಲ್ಲೇ ಸುಖ, ಇರಲಿ. ಓಡುವವರು ಓಡಲಿ. ನನ್ನ ತಕರಾರು ಇಷ್ಟವಿಲ್ಲದೆ, ಬೇರೆಯವರು ಕೇಳುತ್ತಾರಲ್ಲ ಅಂತ ಓಡುವವರ ಬಗ್ಗೆ ಮಾತ್ರ.

ಹೋಗುವವರಿಗೆ ಒಂದೆರಡು ಮಾತು. ಮಂಗಳವಾರ ರಜೆ. ಟಿಕೆಟ್ ಆನ್‌ಲೈನ್‌ನಲ್ಲಿ ಮೊದಲೇ ತೆಗೆಯಿರಿ. ನಾವು ಹೋದಾಗ 22 ಯೂರೋ ಇತ್ತು, 2026ರ ಜನವರಿಯಿಂದ ನಮ್ಮಂಥ ಹೊರಗಿನವರಿಗೆ 32 ಮಾಡಿದ್ದಾರೆ, ಇದು ನನಗೆ ಅನ್ಯಾಯ ಅಂತಲೇ ಅನಿಸುತ್ತದೆ. ಯುರೋಪಿನಲ್ಲೇ ವಾಸ ಇರುವ, 26 ತುಂಬದ ಮಕ್ಕಳಿಗೆ ಬಿಟ್ಟಿ, ನಮ್ಮ ಮಗಳು ಹಾಗೇ ಒಳಗೆ ಬಂದಳು. ಎಲ್ಲಾ ಕೋಣೆಗಳು ಎಲ್ಲಾ ದಿನ ತೆರೆದಿರುವುದಿಲ್ಲ, ಯಾವ ದಿನ ಯಾವುದು ಮುಚ್ಚಿರುತ್ತದೆ ಅಂತ ಅವರ ವೆಬ್‌ಸೈಟಿನಲ್ಲಿ ಹಾಕುತ್ತಾರೆ. ಲೇಸ್ ಹುಡುಗಿಯನ್ನು ನೋಡಬೇಕು ಅಂತಿದ್ದರೆ ಟಿಕೆಟಿಗೆ ದುಡ್ಡು ಕಟ್ಟುವ ಮೊದಲೇ ಅದನ್ನು ನೋಡಿಕೊಳ್ಳಿ.