ಹಾಲೆಯಲ್ಲಿ ಕನ್‌ಫ್ಯೂಷಿಯಸ್

ಹಾನೋವರ್‌ನಲ್ಲಿ ಲೈಬ್‌ನಿಟ್ಸ್ ಎಂದು ಕೇಳಿದರೆ ಮೊದಲು ಕೈಗೆ ಬರುವುದು ಬಿಸ್ಕತ್ತು. ಈ ಊರಿನ ಕಂಪನಿಯೊಂದು 1891ರಲ್ಲಿ ಶುರುಮಾಡಿದ ಬೆಣ್ಣೆ ಬಿಸ್ಕತ್ತು, ಅಂಚಿನ ಸುತ್ತ ಎಣಿಸಿ 52 ಹಲ್ಲು. ಊರಿನ ತತ್ವಜ್ಞಾನಿಯ ಹೆಸರನ್ನೇ ಅದಕ್ಕೆ ಇಟ್ಟುಬಿಟ್ಟಿದ್ದಾರೆ. ನಮ್ಮಲ್ಲಿ ಯಾರಾದರೂ ಪಂಪನ ಹೆಸರಲ್ಲಿ ಕೋಡುಬಳೆ ಮಾರಿದರೆ ಹೇಗಿರುತ್ತೋ ಹಾಗೆ. ನಾನೂ ಎರಡು ಪೊಟ್ಟಣ ಕೊಂಡೆ.

ಕೈಗಾರಿಕಾ ಮೇಳಕ್ಕೆಂದು ಪೀಣ್ಯದಿಂದ ಹೋದವನು ನಾನು. ಐದು ದಿನ ಸೆನ್ಸರು, ವಾಲ್ವು ಎಂದು ಹಾಲ್‌ನಿಂದ ಹಾಲ್‌ಗೆ ತಿರುಗಿ ಕಾಲು ಬಾತುಕೊಂಡಿತ್ತು. ಉಳಿದ ಶನಿವಾರ, ಭಾನುವಾರ ಮಾತ್ರ ನನ್ನವು. ಜೊತೆಗೆ ಬಂದವರೆಲ್ಲ ಪ್ಯಾರಿಸ್‌ಗೆ ಓಡಿದರು. ನಾನು ಚೀನಾ ನೋಡಲು ಉಳಿದೆ, ಜರ್ಮನಿಯಲ್ಲೇ.

ಶನಿವಾರ ಬೆಳಿಗ್ಗೆ ನೊಯ್‌ಷ್ಟೆಟರ್ ಚರ್ಚಿಗೆ ಹೋದೆ. ಒಳಗೆ ಒಂದು ಕಲ್ಲಿನ ಚಪ್ಪಡಿಯ ಮೇಲೆ ಎರಡೇ ಲ್ಯಾಟಿನ್ ಪದ: ‘ಓಸ್ಸಾ ಲೈಬ್‌ನಿಟಿ’. ಲೈಬ್‌ನಿಟ್ಸನ ಮೂಳೆಗಳು, ಅಷ್ಟೆ. ಹುಟ್ಟಿದ್ದು ಯಾವಾಗ, ಸಾಧಿಸಿದ್ದೇನು, ಒಂದೂ ಇಲ್ಲ. 1716ರ ನವೆಂಬರ್‌ನಲ್ಲಿ ತೀರಿಕೊಂಡಾಗ ಅವನು ಚೀನೀಯರ ದೇವರ ಕಲ್ಪನೆಯ ಮೇಲೆ ಉದ್ದನೆಯ ಬರಹವೊಂದನ್ನು ಬರೆಯುತ್ತಿದ್ದ. ಅದು ಅರ್ಧಕ್ಕೇ ನಿಂತಿತು. ಚೀನೀಯರು ‘ಲಿ’ ಎನ್ನುತ್ತಾರಲ್ಲ, ಎಲ್ಲ ವಸ್ತುಗಳ ಒಳಗೂ ಇರುವ ಕ್ರಮ, ಅದು ನಮ್ಮ ದೇವರೇ ಯಾಕಾಗಬಾರದು ಎಂಬುದು ಅವನ ವಾದ. ಬೀಜಿಂಗ್‌ನಲ್ಲಿದ್ದ ಪಾದ್ರಿಗಳೇ ಈ ವಿಷಯಕ್ಕೆ ಎರಡು ಬಣವಾಗಿದ್ದರು. ಚೀನಾಕ್ಕೆ ಕಾಲಿಡದ ಲೈಬ್‌ನಿಟ್ಸ್ ಹಾನೋವರ್‌ನಲ್ಲಿ ಕೂತು ತೀರ್ಪು ಕೊಡಲು ಹೊರಟಿದ್ದ.

ಅಲ್ಲಿಂದ ನಡೆದುಹೋಗುವಷ್ಟು ದೂರದಲ್ಲೇ ಅವನ ಹೆಸರಿನ ಗ್ರಂಥಾಲಯ. ಸುಮಾರು 1,100 ಜನರೊಡನೆ ನಡೆಸಿದ 15,000ದಷ್ಟು ಪತ್ರಗಳನ್ನು ಇಲ್ಲಿ ಕಾಪಾಡಿದ್ದಾರೆ. 2007ರಲ್ಲಿ ಯುನೆಸ್ಕೋ ಪಟ್ಟಿಗೂ ಸೇರಿವೆ. ನನಗೆ ಬೇಕಿದ್ದದ್ದು ಅದರಲ್ಲಿ ಒಂದೇ ಒಂದು ಹಾಳೆ. ಅಂಥದ್ದನ್ನು ನೋಡಬೇಕಾದರೆ ಮೊದಲೇ ಬರೆದು ಕೇಳಬೇಕು ಎಂಬ ಬುದ್ಧಿ ನನಗೆ ಬಾಗಿಲ ಮುಂದೆ ನಿಂತಾಗ ಬಂತು. ಬೆಂಗಳೂರಲ್ಲೇ ಆ ಹಾಳೆಯ ಪ್ರತಿಯೊಂದನ್ನು ಎ3 ಕಾಗದದ ಮೇಲೆ ಪ್ರಿಂಟ್ ಹಾಕಿಸಿಕೊಂಡಿದ್ದೆ, ಪುಣ್ಯ. ಎದುರಿನ ಬೆಂಚಿನ ಮೇಲೆ ಅದನ್ನೇ ಬಿಚ್ಚಿ ಕೂತೆ.

ಒಂದು ದೊಡ್ಡ ವೃತ್ತ, ಅದರೊಳಗೊಂದು ಚೌಕ. ವೃತ್ತದ ಸುತ್ತ 64 ಗುರುತು, ಚೌಕದೊಳಗೂ ಎಂಟೆಂಟರಂತೆ ಅವೇ 64. ಒಂದೊಂದು ಗುರುತಿಗೂ ಆರು ಗೆರೆ. ಗೆರೆ ಒಂದೋ ಇಡಿ, ಇಲ್ಲವೇ ನಡುವೆ ಮುರಿದದ್ದು. ಚೀನಾದಲ್ಲಿ ಶಕುನ ನೋಡುವ ‘ಯಿ ಚಿಂಗ್’ ಗ್ರಂಥದ ಗೆರೆಗಳಿವು. ಕಾಂಗ್ಷಿ ಚಕ್ರವರ್ತಿಯ ಆಸ್ಥಾನದಲ್ಲಿದ್ದ ಫ್ರೆಂಚ್ ಜೆಸ್ವಿಟ್ ಪಾದ್ರಿ ಜೊವಾಕಿಂ ಬುವೆ ಕಳಿಸಿದ್ದು. ಕಾಗದ ಬರೆದದ್ದು 1701ರ ನವೆಂಬರ್ 4ಕ್ಕೆ, ಲೈಬ್‌ನಿಟ್ಸನ ಕೈ ಸೇರಿದ್ದು 1703ರ ಏಪ್ರಿಲ್‌ನಲ್ಲಿ. ಹದಿನೇಳು ತಿಂಗಳು! ಕಣ್ಣು ಹತ್ತಿರ ಹಿಡಿದು ನೋಡಿದರೆ ಗುರುತುಗಳ ಪಕ್ಕ ಇರುವೆ ಸಾಲಿನಂಥ ಅಂಕಿಗಳು ಕಾಣುತ್ತವೆ. ಅವು ಚೀನೀಯರವಲ್ಲ, ಲೈಬ್‌ನಿಟ್ಸ್ ತನ್ನ ಕೈಯಾರೆ ಬರೆದುಕೊಂಡವು. ಸೊನ್ನೆಯಿಂದ 63ರವರೆಗೆ.

ನನ್ನಂಥ ನಿಯಂತ್ರಣ ಫಲಕ ಜೋಡಿಸುವವನಿಗೆ ಇದನ್ನು ನೋಡಿದರೆ ಮೈ ಜುಮ್ಮೆನ್ನುತ್ತದೆ. ಸೊನ್ನೆ ಮತ್ತು ಒಂದು, ಇವೆರಡರಲ್ಲೇ ಎಲ್ಲ ಸಂಖ್ಯೆ ಬರೆಯುವ ಲೆಕ್ಕವನ್ನು ಅವನು 1679ರಲ್ಲೇ ಕಂಡುಕೊಂಡಿದ್ದ. ಮುರಿದ ಗೆರೆ ಸೊನ್ನೆ, ಇಡಿ ಗೆರೆ ಒಂದು ಎಂದಿಟ್ಟುಕೊಂಡರೆ ಚೀನಾದ ಆ ಚಿತ್ರ ಒಂದೂ ತಪ್ಪದೆ ಅದೇ ಕ್ರಮದಲ್ಲಿ ನಿಲ್ಲುತ್ತದೆ. ಸಾವಿರಾರು ವರ್ಷದ ಹಿಂದೆ ಫು ಷಿ ಎಂಬ ಪುರಾಣಪುರುಷ ಕಂಡದ್ದನ್ನು ಚೀನೀಯರು ಮರೆತರು, ನಾನು ಮತ್ತೆ ಹುಡುಕಿಕೊಟ್ಟೆ ಎಂದು ಲೈಬ್‌ನಿಟ್ಸ್ ಹಿಗ್ಗಿದ. ನಿಜಕ್ಕೂ ಆ ಜೋಡಣೆ ಫು ಷಿಯದಲ್ಲ. 11ನೇ ಶತಮಾನದ ಷಾವ್ ಯೋಂಗ್ ಎಂಬ ಚಿಂತಕನಿಂದ ಬಂದದ್ದು. ಆ ಗೆರೆಗಳಲ್ಲಿ ಯಾರೂ ಕೂಡುವ, ಕಳೆಯುವ ಲೆಕ್ಕ ಮಾಡುತ್ತಿರಲಿಲ್ಲ. ಚೀನೀಯರಿಗೆ ಅದು ಯಿನ್ ಯಾಂಗ್‌ಗಳ ಏರಿಳಿತ, ಕಾಲ ತಿರುಗುವ ಬಗೆ. ಕಾಗದ ಸರಿಯಾದ ವಿಳಾಸಕ್ಕೇ ತಲುಪಿತ್ತು. ಓದಿದವನು ಅದರಲ್ಲಿ ತನ್ನ ಮನೆಯ ಸುದ್ದಿಯನ್ನೇ ಓದಿಕೊಂಡ.

ನಗುವುದಕ್ಕೆ ನನಗೇನೂ ಹಕ್ಕಿಲ್ಲ ಅನ್ನಿ. ಅದು ಗೊತ್ತಾದದ್ದು ಮರುದಿನ ರೈಲಿನಲ್ಲಿ.

ಹಾನೋವರ್‌ನಿಂದ ಹಾಲೆಗೆ ಹೋಗುವ ದಾರಿಯಲ್ಲಿ ಮಾಗ್ಡೆಬುರ್ಗ್ ಸಿಗುತ್ತದೆ. ಅಲ್ಲಿ ಎಂ.ಎಸ್. ಓದುತ್ತಿರುವ ಅಕ್ಕನ ಮಗ ನಿದ್ದೆಗಣ್ಣಲ್ಲೇ ಹತ್ತಿಕೊಂಡ.

"ಅಲ್ಲ ಮಾಮ, ಇಷ್ಟು ದೂರ ಬಂದೋರು ಬರ್ಲಿನ್, ಡ್ರೆಸ್ಡೆನ್ ನೋಡ್ತಾರೆ. ಹಾಲೇಲಿ ಏನಿದೆ ಅಂತ?"

"ಮುನ್ನೂರು ವರ್ಷದ ಹಿಂದಿನ ಒಂದು ಜಗಳ ಇದೆ. ಬಾ ಸುಮ್ಮನೆ."

ಬಿಸ್ಕತ್ತಿನ ಪೊಟ್ಟಣ ಅವನ ಕೈಗಿಟ್ಟು ಹಾಳೆ ಬಿಚ್ಚಿದೆ. ಆರು ಗೆರೆ ಅಂದರೆ ಮೂರು ಮೂರರ ಎರಡು ಗುಂಪು. ಮೂರು ಗೆರೆಯಲ್ಲಿ ಒಟ್ಟು ಎಂಟೇ ಬಗೆ ಸಾಧ್ಯ ಎಂದು ಪಾಠ ಶುರುಮಾಡಿದ್ದೆ. ಅವನು ಬಿಸ್ಕತ್ತು ಅಗಿಯುತ್ತಲೇ, "ಗುರು ಲಘು ಮೂರಿರೆ ಮನಗಣ" ಎಂದ.

ನಾನು ಬಾಯಿ ಮುಚ್ಚಿಕೊಂಡೆ. ಮೂರು ಅಕ್ಷರ, ಗುರುವೋ ಲಘುವೋ, ಎಂಟು ಗಣ: ಮ, ನ, ಭ, ಯ, ಜ, ರ, ಸ, ತ. ಹೈಸ್ಕೂಲಿನಲ್ಲಿ ಕನ್ನಡ ಮೇಷ್ಟ್ರು ಬೆತ್ತ ಹಿಡಿದು ಪ್ರಸ್ತಾರ ಹಾಕಿಸುತ್ತಿದ್ದದ್ದು ಇದನ್ನೇ ಅಲ್ಲವೇ? ಇಷ್ಟು ವರ್ಷ ಹಾಳೆ ನೋಡಿದ ನನಗೆ ಕಂಡದ್ದು ಯಂತ್ರ ನಡೆಸುವ ಪುಟ್ಟ ಕಂಪ್ಯೂಟರ್ ಪಿ.ಎಲ್.ಸಿ.ಯ ಸೊನ್ನೆ ಒಂದು, ಈ ಹುಡುಗನಿಗೆ ಕಂಡದ್ದು ಹತ್ತನೇ ಕ್ಲಾಸಿನ ಛಂದಸ್ಸು. ಇನ್ನೂ ಒಂದು ಮಾತು ಆಗಲೇ ನೆನಪಾಯಿತು. ಎಂಟು ಗಣಗಳ ಶಾಸ್ತ್ರವಾದ ನಾಗವರ್ಮನ ‘ಛಂದೋಂಬುಧಿ’ಯನ್ನು 1875ರಲ್ಲಿ ಮಂಗಳೂರಿನಲ್ಲಿ ಅಚ್ಚುಹಾಕಿಸಿದ ಫರ್ಡಿನೆಂಡ್ ಕಿಟೆಲ್ ಹುಟ್ಟಿದ್ದು ಇಲ್ಲೇ ಉತ್ತರಕ್ಕೆ, ಕಡಲ ತೀರದ ಪೂರ್ವ ಫ್ರೀಸ್‌ಲ್ಯಾಂಡಿನಲ್ಲಿ. 1832ರಲ್ಲಿ ಅದು ಹಾನೋವರ್ ರಾಜ್ಯಕ್ಕೇ ಸೇರಿತ್ತು.

ಹಾಲೆಯಲ್ಲಿ ಇಳಿದಾಗ ಸಣ್ಣ ಮಳೆ. ಸ್ಟೇಷನ್ನಿನಿಂದ ಅಂಗಡಿ ಬೀದಿ ಹಿಡಿದು ನಡೆದರೆ ಮಾರುಕಟ್ಟೆ ಚೌಕ. ಚರ್ಚಿನ ನಾಲ್ಕು ಗೋಪುರ, ಪಕ್ಕದಲ್ಲಿ ಒಂಟಿಯಾಗಿ ನಿಂತ ಕೆಂಪು ಗೋಪುರ, ನಡುವೆ ಈ ಊರಲ್ಲಿ ಹುಟ್ಟಿದ ಸಂಗೀತಗಾರ ಹ್ಯಾಂಡೆಲ್‌ನ ಪ್ರತಿಮೆ. ಅದರ ಮೇಲೊಂದು ಪಾರಿವಾಳ. ಟ್ರಾಮುಗಳು ಗಂಟೆ ಬಾರಿಸುತ್ತ ಜನರ ನಡುವೆಯೇ ನುಸುಳುತ್ತಿದ್ದವು. ಚೌಕದ ಪಕ್ಕದ ಗಲ್ಲಿಯಲ್ಲಿ, ದೊಡ್ಡ ಮೆರ್ಕರ್ ಬೀದಿಯ 10ನೇ ನಂಬರಿನಲ್ಲಿ ಕ್ರಿಸ್ಟಿಯನ್ ವೋಲ್ಫ್‌ನ ಮನೆ. ಈಗ ಅದು ಊರಿನ ಮ್ಯೂಸಿಯಂ.

ವೋಲ್ಫ್ ಇಲ್ಲಿ ಗಣಿತದ ಪ್ರೊಫೆಸರ್, ಆಮೇಲೆ ತತ್ವಶಾಸ್ತ್ರಕ್ಕೂ ಕೈ ಹಾಕಿದವನು. 1721ರ ಜುಲೈ 12ರಂದು ವಿಶ್ವವಿದ್ಯಾಲಯದ ಮುಖ್ಯಸ್ಥನ ಅಧಿಕಾರವನ್ನು ಯೋಆಕಿಮ್ ಲಾಂಗೆ ಎಂಬ ದೇವತಾಶಾಸ್ತ್ರದ ಪ್ರೊಫೆಸರನಿಗೆ ಬಿಟ್ಟುಕೊಡುತ್ತ ಒಂದು ಭಾಷಣ ಮಾಡಿದ. ವಿಷಯ: ಚೀನೀಯರ ಆಚಾರ ತತ್ವ. ಬೀಳ್ಕೊಡುಗೆಯ ಭಾಷಣ ಯಾರು ಮನಸ್ಸಿಟ್ಟು ಕೇಳುತ್ತಾರೆ? ಅವತ್ತು ಕೇಳಿದರು.

ಅವನು ಹೇಳಿದ್ದು ಇಷ್ಟೆ. ಚೀನೀಯರಿಗೆ ಬೈಬಲ್ ಗೊತ್ತಿಲ್ಲ, ಯೇಸು ಗೊತ್ತಿಲ್ಲ. ಆದರೂ ಅವರ ಪ್ರಾಚೀನ ಗುರು ಕನ್‌ಫ್ಯೂಷಿಯಸ್ ಮತ್ತು ಅವನಿಗಿಂತ ಹಿಂದಿನವರು ಸದಾಚಾರ ಯಾವುದೆಂದು ತಿಳಿದು ನಡೆದರು. ಹಾಗಿದ್ದ ಮೇಲೆ ಒಳ್ಳೆಯವನಾಗಲು ಮನುಷ್ಯನ ಬುದ್ಧಿಯೇ ಸಾಕು. ಇದಕ್ಕೆ ಅವನ ಆಧಾರ 1711ರಲ್ಲಿ ಪ್ರಾಗ್‌ನಲ್ಲಿ ಅಚ್ಚಾದ, ಫ್ರಾಂಸ್ವಾ ನೊಯೆಲ್ ಎಂಬ ಜೆಸ್ವಿಟ್ ಮಾಡಿದ ಆರು ಚೀನೀ ಗ್ರಂಥಗಳ ಲ್ಯಾಟಿನ್ ಅನುವಾದ. ಚೀನೀ ಭಾಷೆಯ ಒಂದಕ್ಷರವೂ ವೋಲ್ಫ್‌ಗೆ ಬರುತ್ತಿರಲಿಲ್ಲ. ಚೀನಾದ ಚಿಕ್ಕ ಶಾಲೆ, ದೊಡ್ಡ ಶಾಲೆಯ ಪದ್ಧತಿಯಂತೂ ಅವನಿಗೆ ಬಹಳ ಹಿಡಿಸಿತ್ತು. ಮೊದಲು ಮಗುವಿಗೆ ನಡೆ ಕಲಿಸು, ಬುದ್ಧಿ ಬಲಿತ ಮೇಲೆ ಕಾರಣ ಕಲಿಸು.

ನೊಯೆಲ್ ಅನುವಾದಿಸಿದ ಆರರಲ್ಲಿ ಕನ್‌ಫ್ಯೂಷಿಯಸ್‌ನ ದಾರಿಯಲ್ಲೇ ನಡೆದ ಚಿಂತಕ ಮೆನ್ಸಿಯಸ್ ಕೂಡ ಇದ್ದಾನೆ. ಅವನದೊಂದು ಉದಾಹರಣೆಯನ್ನು ಅಳಿಯನಿಗೆ ಹೇಳಿದೆ. ಮಗುವೊಂದು ಬಾವಿಗೆ ಬೀಳುವುದರಲ್ಲಿದೆ. ನೋಡಿದ ಯಾರಿಗಾದರೂ ಎದೆ ಧಸಕ್ಕೆನ್ನುತ್ತದೆ. ಅದರ ಅಪ್ಪ ಅಮ್ಮನ ಸ್ನೇಹ ಸಿಗಲಿ ಎಂದಲ್ಲ, ನೆರೆಹೊರೆಯವರು ಹೊಗಳಲಿ ಎಂದಲ್ಲ. ಆ ಧಸಕ್ಕೇ ಒಳ್ಳೆಯತನದ ಮೊಳಕೆ. "ಇಲ್ಲಿ ದೇವರು ಎಲ್ಲಿ ಬಂದ?" ಎಂದೆ.

"ಎಲ್ಲೂ ಬರ್ಲಿಲ್ಲ. ಅದಕ್ಕೇ ಪಾದ್ರಿಗಳಿಗೆ ಸಿಟ್ಟು ಬಂತು," ಎಂದ ಅವನು. ಮುನ್ನೂರು ಪುಟದ ಪ್ರಬಂಧಗಳಲ್ಲಿ ಇದನ್ನೇ ಸುತ್ತಿ ಬಳಸಿ ಬರೆದಿದ್ದಾರೆ.

ಭಾಷಣದ ಪ್ರತಿ ಕೊಡು ಎಂದು ದೇವತಾಶಾಸ್ತ್ರದ ವಿಭಾಗ ಕೇಳಿತು, ವೋಲ್ಫ್ ಕೊಡಲಿಲ್ಲ. ಎರಡು ವರ್ಷ ಹೊಗೆಯಾಡಿತು. ಹಾಲೆ ಆಗ ಪ್ರಷ್ಯಾ ರಾಜ್ಯಕ್ಕೆ ಸೇರಿತ್ತು. ಅದರ ದೊರೆ ಒಂದನೇ ಫ್ರೀಡ್ರಿಷ್ ವಿಲ್‌ಹೆಲ್ಮ್‌ಗೆ ತತ್ವಶಾಸ್ತ್ರ ಬೇಕಿರಲಿಲ್ಲ, ಎತ್ತರದ ಸಿಪಾಯಿಗಳು ಬೇಕಿತ್ತು. ವೋಲ್ಫ್‌ನ ಮಾತು ನಂಬಿದರೆ ಎಲ್ಲವೂ ಮೊದಲೇ ನಿಗದಿಯಾದದ್ದು, ಹಾಗಾಗಿ ಸೇನೆ ಬಿಟ್ಟು ಓಡಿದ ಸಿಪಾಯಿಗೂ ಶಿಕ್ಷೆ ಕೊಡುವಂತಿಲ್ಲ ಎಂದು ಯಾರೋ ಅವನ ಕಿವಿ ಕಚ್ಚಿದರಂತೆ. 1723ರ ನವೆಂಬರ್ 8ಕ್ಕೆ ಆಜ್ಞೆ ಹೊರಟಿತು. 48 ಗಂಟೆಯೊಳಗೆ ರಾಜ್ಯ ಬಿಡಬೇಕು, ಇಲ್ಲವಾದರೆ ಗಲ್ಲು. ವೋಲ್ಫ್ ಮಾರ್ಬುರ್ಗ್‌ಗೆ ಹೋದ. ಅಲ್ಲಿ ಅವನ ಕೀರ್ತಿ ಇನ್ನೂ ಬೆಳೆಯಿತು. ಬಹಿಷ್ಕಾರಕ್ಕಿಂತ ಒಳ್ಳೆಯ ಜಾಹೀರಾತು ಇಲ್ಲವಲ್ಲ. ದೊರೆ ಸತ್ತ ಮೇಲೆ ಮಗ 1740ರಲ್ಲಿ ಮರ್ಯಾದೆಯಿಂದ ಮತ್ತೆ ಕರೆಸಿಕೊಂಡ. ನಾವು ಮಳೆಗೆ ಸೂರು ಹಿಡಿದು ನಿಂತಿದ್ದ ಈ ಮನೆ ಆ ಮರಳಿ ಬಂದ ಕಾಲದ್ದು.

ವೋಲ್ಫ್‌ನ ಕಥೆ ಕೇಳಿದವರಿಗೆ ಚೀನಾ ಎಂದರೆ ಬುದ್ಧಿಯೇ ದೊರೆಯಾದ ನಾಡು ಅನ್ನಿಸಿಬಿಡುತ್ತದೆ. ನನಗೆ ಅಲ್ಲಿ ಲಿ ಝಿ ಅಡ್ಡ ಬರುತ್ತಾನೆ. ಮಿಂಗ್ ಕಾಲದ ಚಿಂತಕ. ಕನ್‌ಫ್ಯೂಷಿಯಸ್ ಸರಿ ಎಂದದ್ದೇ ಸರಿ, ತಪ್ಪು ಎಂದದ್ದೇ ತಪ್ಪು ಎಂದು ಯಾಕೆ ಒಪ್ಪಬೇಕು ಎಂದು ಕೇಳಿದವನು. ತನ್ನ ಪುಸ್ತಕಕ್ಕೆ ತಾನೇ ‘ಸುಡಬೇಕಾದ ಪುಸ್ತಕ’ ಎಂದು ಹೆಸರಿಟ್ಟ. ಇಟಲಿಯಿಂದ ಬಂದಿದ್ದ ಪಾದ್ರಿ ಮತ್ತೇಯೊ ರಿಚ್ಚಿಯನ್ನು ನಾನ್‌ಜಿಂಗ್‌ನಲ್ಲಿ ಕಂಡು ಮಾತಾಡಿದ್ದ. 1602ರಲ್ಲಿ ಅವನನ್ನು ಹಿಡಿದು ಸೆರೆಗೆ ಹಾಕಿದರು. ಎಪ್ಪತ್ತು ದಾಟಿದ ಮುದುಕ ಸೆರೆಯಲ್ಲೇ ಕತ್ತು ಕೊಯ್ದುಕೊಂಡು ಸತ್ತ. ಹಾಲೆಯವರು ಚೀನಾವನ್ನು ಹೊಗಳಿದವನನ್ನು ಓಡಿಸುವ ನೂರಿಪ್ಪತ್ತು ವರ್ಷ ಮೊದಲೇ ಚೀನಾ ತನ್ನ ವೋಲ್ಫ್‌ನನ್ನು ಮುಗಿಸಿತ್ತು. ಜೆಸ್ವಿಟರು ಯುರೋಪಿಗೆ ಕಳಿಸಿದ ಚಿತ್ರದಲ್ಲಿ ಇಂಥವರಿಗೆ ಜಾಗ ಇರಲಿಲ್ಲ.

ಅದೇ ರಿಚ್ಚಿ 1607ರಲ್ಲಿ ಷು ಗ್ವಾಂಗ್‌ಚಿ ಎಂಬ ಚೀನೀ ವಿದ್ವಾಂಸನ ಜೊತೆ ಕೂತು ಯೂಕ್ಲಿಡ್‌ನ ಮೊದಲ ಆರು ಅಧ್ಯಾಯಗಳನ್ನು ಚೀನೀ ಭಾಷೆಗೆ ತಂದ. ಆಗ ಅವರು ರೇಖಾಗಣಿತಕ್ಕೆ ಬಳಸಿದ ‘ಜಿಹೆ’ ಪದವನ್ನೇ ಚೀನಾದ ಮಕ್ಕಳು ಇವತ್ತಿಗೂ ಕಲಿಯುತ್ತಾರೆ. ಇಬ್ಬರು ಒಂದೇ ಮೇಜಿಗೆ ಕೂತು ಮಾಡಿದ ಕೆಲಸ ಉಳಿದ ಬಗೆ ಇದು.

ಮಳೆ ಬಿಟ್ಟ ಮೇಲೆ ಫ್ರಾಂಕೆಯ ಅನಾಥಾಲಯಕ್ಕೆ ನಡೆದೆವು. ವೋಲ್ಫ್‌ನ ವಿರುದ್ಧ ನಿಂತವರ ಮುಂದಾಳು ಆಗಸ್ಟ್ ಹೆರ್ಮಾನ್ ಫ್ರಾಂಕೆ. ಅವನನ್ನು ಬರೀ ಖಳನಾಯಕ ಮಾಡುವುದಕ್ಕೂ ಮನಸ್ಸು ಬರುವುದಿಲ್ಲ. 1695ರಲ್ಲಿ ಹುಂಡಿಯಲ್ಲಿ ಸಿಕ್ಕ 4 ಟಾಲರ್ 16 ಗ್ರೋಷನ್ ಕಾಸಿನಿಂದ ಬಡಮಕ್ಕಳ ಶಾಲೆ ಶುರುಮಾಡಿ ಒಂದು ಊರನ್ನೇ ಕಟ್ಟಿದವನು. ಕಟ್ಟಡದ ನೆತ್ತಿಯ ಮೇಲೆ ಸೂರ್ಯನತ್ತ ಹಾರುವ ಎರಡು ಹದ್ದು. ಮೆಟ್ಟಿಲು ಹತ್ತಿ ಹತ್ತಿ ಮಾಳಿಗೆಗೆ ಹೋದರೆ ವಿಚಿತ್ರ ವಸ್ತುಗಳ ಕೋಣೆ. ಸೂರಿನಿಂದ ಮೊಸಳೆಯೊಂದು ತೂಗುತ್ತಿದೆ, ಬಣ್ಣ ಬಳಿದ ಕಪಾಟುಗಳಲ್ಲಿ ಚಿಪ್ಪು, ಹವಳ, ದೂರದೇಶದ ಸಾಮಾನು.

ಫ್ರಾಂಕೆಯ ಶಿಷ್ಯ ಬಾರ್ತೊಲೊಮೆಯುಸ್ ಸೀಗೆನ್‌ಬಾಲ್ಗ್ 1706ರ ಜುಲೈಯಲ್ಲಿ ತಮಿಳುನಾಡಿನ ತರಂಗಂಬಾಡಿಗೆ ಬಂದಿಳಿದ. ಮತ ಹರಡಲು ಬಂದವನು ಮರಳಲ್ಲಿ ಅಕ್ಷರ ತಿದ್ದಿ ತಮಿಳು ಕಲಿತ. ಎರಡೇ ವರ್ಷಕ್ಕೆ ಮೂರು ತಮಿಳು ನೀತಿ ಪುಸ್ತಕಗಳನ್ನು ಜರ್ಮನ್ನಿಗೆ ತಿರುಗಿಸಿದ. 1713ರಲ್ಲಿ ದಕ್ಷಿಣದ ದೇವರುಗಳ ವಂಶಾವಳಿಯನ್ನೇ ಬರೆದು ಹಾಲೆಗೆ ಕಳಿಸಿದ. ನಿಮ್ಮನ್ನು ಕಳಿಸಿದ್ದು ಆ ಮತವನ್ನು ಕೀಳಲು, ಇಲ್ಲಿ ಹರಡಲು ಅಲ್ಲ ಎಂದು ಫ್ರಾಂಕೆ ಉತ್ತರ ಕೊಟ್ಟ ಎಂಬ ಮಾತಿದೆ. ಹಸ್ತಪ್ರತಿ ಹಾಗೇ ಕೂತಿತು. ಅಚ್ಚಾದದ್ದು 1867ರಲ್ಲಿ, ಅದೂ ಮದರಾಸಿನಲ್ಲಿ. ಚೀನಾದ ವಿಷಯಕ್ಕೆ ಪ್ರೊಫೆಸರನ ಬಾಯಿ, ತಮಿಳಿನ ವಿಷಯಕ್ಕೆ ಸ್ವಂತ ಶಿಷ್ಯನ ಬಾಯಿ, ಎರಡನ್ನೂ ಮುಚ್ಚಿಸಿದ್ದು ಇದೇ ಅಂಗಳ. ಪತ್ರಾಗಾರದಲ್ಲಿ ತಾಳೆಗರಿಗಳು ಮಾತ್ರ ಜೋಪಾನವಾಗಿವೆ.

ಸಂಜೆಯ ರೈಲು. ಆಮೇಲಿನ ಜರ್ಮನ್ ತತ್ವಜ್ಞಾನಿ ಹೆಗೆಲ್ ಬಂದ ಮೇಲೆ ಈ ಎಲ್ಲ ಉತ್ಸಾಹ ಹೇಗೆ ತಣ್ಣಗಾಯಿತು, ಕನ್‌ಫ್ಯೂಷಿಯಸ್‌ನನ್ನು ಅನುವಾದ ಮಾಡದೇ ಇದ್ದಿದ್ದರೆ ಅವನ ಹೆಸರಾದರೂ ಉಳಿಯುತ್ತಿತ್ತು ಎಂದು ಆ ಮಹಾಶಯ ಹೇಗೆ ಹಗುರವಾಗಿ ತಳ್ಳಿಹಾಕಿದ ಎಂದು ಹೇಳಲು ಹೊರಟಿದ್ದೆ. ಅಳಿಯನ ಗಮನ ನನ್ನ ಮೇಲಿರಲಿಲ್ಲ. ಪೆನ್ಸಿಲ್ ಹಿಡಿದು ಹಾಳೆಯ ಮೂಲೆಯಲ್ಲಿ ಮೂರು ಮೂರು ಗೆರೆಯ ಎಂಟು ಗುರುತು ಬರೆದು, ಪಕ್ಕದಲ್ಲಿ ಮ, ನ, ಭ, ಯ ಎಂದು ಹಾಕುತ್ತಿದ್ದ.

"ಇಡಿ ಗೆರೆ ಗುರು. ನೋಡಿದ್ರೇ ಗೊತ್ತಾಗುತ್ತಲ್ಲ, ಗುರುವಿನ ಗುರುತೇ ಅಡ್ಡಗೆರೆ," ಎಂದೆ.

"ಇಲ್ಲ ಮಾಮ, ಮುರಿದಿರೋದೇ ಗುರು. ಎರಡು ತುಂಡು ಇದೆ, ಎರಡು ಮಾತ್ರೆ. ಇಡೀದು ಒಂದೇ, ಅದು ಲಘು."

"ಹಾಗಿದ್ರೆ ಮೇಲಿಂದ ಓದ್ತೀಯೋ, ಕೆಳಗಿಂದಲೋ? ಚೀನೀಯರು ಕೆಳಗಿನ ಗೆರೆಯಿಂದ ಶುರುಮಾಡ್ತಾರೆ."

ಅವನು ಬರೆದದ್ದನ್ನು ರಬ್ಬರಿನಿಂದ ಅಳಿಸಿದ. ಭ ಇದ್ದಲ್ಲಿ ಸ ಬಂತು, ಯ ಇದ್ದಲ್ಲಿ ತ ಬಂತು. ಮತ್ತೆ ಅಳಿಸಿದ. ಮಾಗ್ಡೆಬುರ್ಗ್ ಬಂದಾಗಲೂ ಇತ್ಯರ್ಥವಾಗಿರಲಿಲ್ಲ. ಹಾಳೆಯನ್ನು ಮಡಿಸಿ ಜೇಬಿಗಿಟ್ಟುಕೊಂಡು ಇಳಿದೇಬಿಟ್ಟ. ಬಿಸ್ಕತ್ತಿನ ಪುಡಿ ಸೀಟಿನ ಮೇಲಿತ್ತು.